ಮಿಲ್ಲರ್ ಗ್ರಹ: ಗಂಟೆಗೆ ಏಳು ವರ್ಷ

2014ರ ‘ಇಂಟರ್‌ಸ್ಟೆಲ್ಲರ್’ ಚಿತ್ರದ ಮಿಲ್ಲರ್ ಗ್ರಹದಲ್ಲಿ ಒಂದು ಗಂಟೆ ಕಳೆಯುವಷ್ಟರಲ್ಲಿ ಭೂಮಿಯ ಮೇಲೆ ಏಳು ವರ್ಷ ಉರುಳಿರುತ್ತದೆ. ಗ್ರಹ ಕಲ್ಪನೆಯದು, ಅದರ ಹಿಂದಿನ ನಿಯಮ ಮಾತ್ರ ಐನ್‌ಸ್ಟೈನ್ 1915ರಲ್ಲಿ ಮಂಡಿಸಿದ್ದು. ಭಾರೀ ಕಾಯದ ಹತ್ತಿರ ಹೋದಷ್ಟೂ ಕಾಲ ನಿಧಾನವಾಗುತ್ತದೆ.

ಮಿಲ್ಲರ್ ಸುತ್ತುವುದು ಗಾರ್ಗಾಂಟುವಾ ಎಂಬ ಕಪ್ಪುಕುಳಿಯನ್ನು. ಅದರ ರಾಶಿ ಹತ್ತು ಕೋಟಿ ಸೂರ್ಯರಷ್ಟು. ಕಾಲ ಅರವತ್ತು ಸಾವಿರ ಪಟ್ಟು ನಿಧಾನವಾಗಬೇಕಾದರೆ ಗ್ರಹ ಅದರ ಅಂಚಿಗೇ ಅಂಟಿದಂತಿರಬೇಕು. ತಿರುಗದ ಕಪ್ಪುಕುಳಿಯಾದರೆ ಅಷ್ಟು ಹತ್ತಿರದ ಗ್ರಹವನ್ನು ನುಂಗಿಬಿಡುತ್ತದೆ. ಆದರೂ ನಿರ್ದೇಶಕ ನೋಲನ್ ಗಂಟೆಗೆ ಏಳು ವರ್ಷ ಎಂಬ ಪಟ್ಟು ಬಿಡಲಿಲ್ಲ. ಕೊನೆಗೆ ಭೌತವಿಜ್ಞಾನಿ ಕಿಪ್ ಥಾರ್ನ್ ಲೆಕ್ಕ ಹಾಕಿ ದಾರಿ ಕಂಡರು: ಗಾರ್ಗಾಂಟುವಾ ಗರಿಷ್ಠ ಮಿತಿಗಿಂತ ನೂರು ಲಕ್ಷ ಕೋಟಿಯಲ್ಲಿ ಒಂದು ಪಾಲಿನಷ್ಟೇ ಕಡಿಮೆ ವೇಗದಲ್ಲಿ ತಿರುಗಬೇಕು. ನಿಸರ್ಗದಲ್ಲಿ ಇಂಥದ್ದು ಸಿಗುವುದು ತೀರಾ ದುರ್ಲಭ, ಆದರೆ ಅಸಾಧ್ಯವಲ್ಲ. ಕಲ್ಪನೆಗೆ ವಿಜ್ಞಾನ ಇಷ್ಟು ಪ್ರಾಮಾಣಿಕವಾಗಿ ಹೆಗಲು ಕೊಟ್ಟ ಉದಾಹರಣೆಗಳು ಕಡಿಮೆ.

ಚಿತ್ರದಲ್ಲಿ ಈ ಗ್ರಹಕ್ಕಿಳಿದ ಗಗನಯಾತ್ರಿಗಳು ಕೆಲವೇ ಗಂಟೆಗಳಲ್ಲಿ ಮರಳುತ್ತಾರೆ. ನೌಕೆಯಲ್ಲಿ ಕಾದಿದ್ದ ಸಹಯಾತ್ರಿ ರೋಮಿಲಿಗೆ ಅಷ್ಟರಲ್ಲಿ 23 ವರ್ಷ ಕಳೆದಿರುತ್ತದೆ. ಚಿತ್ರದ ಅತಿ ನೋವಿನ ಗಳಿಗೆ ಅದು.

ಭೂಮಿಯ ಸುತ್ತಲೂ ಇದೇ ನಿಯಮ ನಡೆಯುತ್ತದೆ. ಜಿಪಿಎಸ್ ಉಪಗ್ರಹದ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತದೆ. ಅದನ್ನು ಸರಿದೂಗಿಸದಿದ್ದರೆ ಫೋನಿನ ನಕ್ಷೆ ದಿನದಿನಕ್ಕೂ ಕಿಲೋಮೀಟರ್‌ಗಟ್ಟಲೆ ದಾರಿ ತಪ್ಪುತ್ತದೆ.