ಬಾಡಿದ ಎಲೆ ನೋಡಿ ನೀರು ಹಾಕಬೇಡಿ: ಬೇಸಿಗೆ ಬಾಲ್ಕನಿಯ ಸೊಪ್ಪಿನ ಗಿಡಗಳು

ಏಪ್ರಿಲ್ ಬಂತು ಅಂದ್ರೆ ನನಗೆ ಬರೋ ಪ್ರಶ್ನೆಗಳೆಲ್ಲ ಹೆಚ್ಚುಕಡಿಮೆ ಒಂದೇ ಥರ. ಊರಿಂದ ಅಮ್ಮ ಬಸ್ಸಲ್ಲಿ ತೊಡೆ ಮೇಲೆ ಇಟ್ಕೊಂಡು ತಂದ ಕರಿಬೇವಿನ ಗಿಡ, ದಿನಾ ಎರಡು ಹೊತ್ತು ನೀರು ಹಾಕ್ತಿದೀವಿ, ಆದ್ರೂ ಎಲೆ ಹಳದಿಯಾಗಿ ಉದುರ್ತಿದೆ, ಏನ್ ಮಾಡೋದು ಅಂತ. ಆ "ಆದ್ರೂ" ಇರೋ ಜಾಗದಲ್ಲಿ "ಅದಕ್ಕೇ" ಅಂತ ಹಾಕಿ ಇನ್ನೊಂದು ಸಲ ಓದಿ. ಹೆಚ್ಚಿನ ಮನೆಗಳಲ್ಲಿ ಉತ್ತರ ಅಲ್ಲೇ ಇರುತ್ತೆ.

ಬೇರಿಗೆ ನೀರು ಎಷ್ಟು ಬೇಕೋ ಗಾಳಿಯೂ ಅಷ್ಟೇ ಬೇಕು. ಮಣ್ಣಿನ ಕಣಗಳ ನಡುವಿನ ಸಂದಿಯಲ್ಲಿ ಸದಾ ನೀರೇ ತುಂಬಿಕೊಂಡಿದ್ರೆ ಬೇರಿಗೆ ಉಸಿರು ಕಟ್ಟುತ್ತೆ, ಕೊಳೆಯೋಕೆ ಶುರುವಾಗುತ್ತೆ. ಕೊಳೆತ ಬೇರು ನೀರು ಎಳೆಯಲ್ಲ. ಹಾಗಾಗಿ ಒದ್ದೆ ಮಣ್ಣಲ್ಲೇ ನಿಂತು ಗಿಡ ಬಾಡುತ್ತೆ. ನಾವು ಬಾಡಿದ್ದು ನೋಡಿ ಇನ್ನೊಂದು ಚೊಂಬು ಸುರೀತೀವಿ.

ಇನ್ನೊಂದು ವಿಷಯ, ಮಧ್ಯಾಹ್ನದ ಬಾಡುವಿಕೆ. ನಾನಿರೋದು ಹೈದರಾಬಾದಲ್ಲಿ, ಪಶ್ಚಿಮಕ್ಕೆ ತೆರೆದ ಬಾಲ್ಕನಿ. ಮೇ ತಿಂಗಳಲ್ಲಿ 40 ಡಿಗ್ರಿ ದಾಟಿದ ದಿನ ಎರಡೂವರೆ ಗಂಟೆಗೆ ನೋಡಿದ್ರೆ ಪುದೀನ, ತುಳಸಿ ಎಲ್ಲಾ ತಲೆ ಬಗ್ಗಿಸಿರುತ್ತೆ. ಎಲೆಯಿಂದ ನೀರು ಆವಿಯಾಗೋ ವೇಗಕ್ಕೆ ಬೇರು ಎಳೆದು ಕೊಡೋ ವೇಗ ಸಾಲದೆ ಹಾಗಾಗುತ್ತೆ, ಮಣ್ಣಲ್ಲಿ ತೇವ ಇದ್ದರೂ ಕೂಡ. ಬಿಸಿಲು ಇಳಿದ ಮೇಲೆ ಏಳು ಗಂಟೆಗೆ ನೋಡಿ, ತಾನೇ ನೆಟ್ಟಗೆ ನಿಂತಿರುತ್ತೆ. ಆಗಲೂ ಏಳದೇ ಇದ್ರೆ ಮಣ್ಣು ಮುಟ್ಟಿ ನೋಡಿ.

ಮುಟ್ಟೋದು ಅಂದ್ರೆ ಮೇಲ್ಮೈ ಅಲ್ಲ, ಬೆರಳನ್ನು ಎರಡು ಗೆಣ್ಣಿನವರೆಗೆ ಇಳಿಸಬೇಕು. ಯಾಕಂದ್ರೆ ನರ್ಸರಿಯಿಂದ ತರೋ ಗಿಡಗಳು ಬಹುಪಾಲು ಕೋಕೋಪೀಟ್‌ನಲ್ಲಿ, ಅಂದ್ರೆ ತೆಂಗಿನ ನಾರಿನ ಪುಡಿಯಲ್ಲಿ ಇರುತ್ತವೆ. ಮೇಲೆ ಒಣಗಿ ಬೂದು ಬಣ್ಣ ಬಂದಿರುತ್ತೆ, ಒಳಗೆ ಹಿಂಡಿದ್ರೆ ನೀರು. ಇದರ ಉಲ್ಟಾನೂ ಆಗುತ್ತೆ: ಪೂರ್ತಿ ಒಣಗಿದ ಕೋಕೋಪೀಟ್ ಕುಂಡದ ಅಂಚು ಬಿಟ್ಟು ಕುಗ್ಗುತ್ತೆ, ಮೇಲಿಂದ ಹಾಕಿದ ನೀರು ಆ ಸಂದಿಯಿಂದ ಜಾರಿ ತಟ್ಟೆಗೆ ಬೀಳುತ್ತೆ, ನಡುವಿನ ಬೇರಿಗೆ ಹನಿಯೂ ಸೇರಲ್ಲ. ಅಂಥ ಕುಂಡವನ್ನು ಅರ್ಧ ಬಕೆಟ್ ನೀರಲ್ಲಿ ಇಪ್ಪತ್ತು ನಿಮಿಷ ಕೂರಿಸಿ, ಆಮೇಲೆ ತೆಗೆದು ಬಸಿಯೋಕೆ ಬಿಡಿ. ಹಾಕುವಾಗ ಬೆಳಗ್ಗೆ, ತಳದ ತೂತಿಂದ ಹರಿದು ಬರೋವರೆಗೂ ಹಾಕಿ. ಮತ್ತೆ ಬೆರಳಿಗೆ ಒಣಗಿದ್ದು ಗೊತ್ತಾಗೋವರೆಗೆ ಮುಟ್ಟಬೇಡಿ. ದಿನಕ್ಕೆ ಮೂರು ಸಲ ಒಂದೊಂದು ಲೋಟ ಚಿಮುಕಿಸೋದು ಅತಿ ಕೆಟ್ಟ ಅಭ್ಯಾಸ. ಪುದೀನ ಮಾತ್ರ ಇದಕ್ಕೆ ಹೊರತು, ಅದಕ್ಕೆ ಬೇಸಿಗೆಯಲ್ಲಿ ದಿನಾ ಬೇಕು.

ಎಷ್ಟು ನೀರು ಅನ್ನೋದಷ್ಟೇ ಅಲ್ಲ, ಯಾವ ನೀರು ಅನ್ನೋದೂ ಮುಖ್ಯ. ಬೋರ್‌ವೆಲ್ ಇರಲಿ, ಟ್ಯಾಂಕರ್ ಇರಲಿ, ನಮ್ಮ ಅಪಾರ್ಟ್‌ಮೆಂಟ್‌ಗಳ ನೀರು ಹೆಚ್ಚಾಗಿ ಗಡಸು. ನೀರು ಆವಿಯಾಗಿ ಹೋಗುತ್ತೆ, ಉಪ್ಪು ಕುಂಡದಲ್ಲೇ ಉಳಿಯುತ್ತೆ. ಕುಂಡದ ಅಂಚಲ್ಲಿ ಬಿಳಿ ಪುಡಿ, ಎಲೆಯ ತುದಿ ಸುಟ್ಟ ಹಾಗೆ ಕಂದು, ಇವೇ ಗುರುತು. ಕರಿಬೇವಲ್ಲಿ ಹೊಸ ಎಲೆ ಹಳದಿ, ನರ ಮಾತ್ರ ಹಸಿರು ಇದ್ರೆ ಅದು ಕಬ್ಬಿಣದ ಕೊರತೆ; ಕ್ಷಾರ ಹೆಚ್ಚಾದ ಮಣ್ಣಲ್ಲಿ ಕಬ್ಬಿಣ ಇದ್ದರೂ ಬೇರಿಗೆ ಸಿಗಲ್ಲ. ಹುಳಿ ಮಜ್ಜಿಗೆ ಹಾಕೋದು ನಮ್ಮಲ್ಲಿ ಹಳೇ ರೂಢಿ. ತೆಳ್ಳಗೆ ಮಾಡಿ ಹಾಕಿದ್ರೆ ತೊಂದರೆ ಇಲ್ಲ, ಉಪ್ಪು ಹಾಕಿದ ಮಜ್ಜಿಗೆ ಮಾತ್ರ ಬೇಡ. ಆದ್ರೆ ದಿನಾ ಗಡಸು ನೀರನ್ನೇ ಹಾಕ್ತಿದ್ರೆ ಮಜ್ಜಿಗೆ ಒಂದರಿಂದ ಏನೂ ಆಗಲ್ಲ.

ಆರ್‌ಒ ಫಿಲ್ಟರ್ ಹೊರಗೆ ಬಿಡೋ ನೀರನ್ನು ಗಿಡಕ್ಕೆ ಹಾಕೋದು ಉಳಿತಾಯ ಅಂತ ತುಂಬ ಜನ ಅಂದ್ಕೊಂಡಿದಾರೆ. ಶುದ್ಧ ನೀರಿಂದ ತೆಗೆದ ಉಪ್ಪೆಲ್ಲ ಆ ನೀರಲ್ಲೇ ಸೇರಿರುತ್ತೆ ಅಲ್ವಾ? ಅದು ನೆಲ ಒರೆಸೋಕೆ ಇರಲಿ. ಎಸಿಯ ಪೈಪಿಂದ ತೊಟ್ಟಿಕ್ಕೋ ನೀರಲ್ಲಿ ಉಪ್ಪು ಬಹುತೇಕ ಇರಲ್ಲ. ಚೆನ್ನೈ, ಮುಂಬೈನ ತೇವದ ಗಾಳಿಗೆ ಇದು ಬಕೆಟ್‌ಗಟ್ಟಲೆ ಸಿಗುತ್ತೆ; ದೆಹಲಿಯ ಒಣ ಮೇ ತಿಂಗಳಲ್ಲಿ ಅಷ್ಟು ಬರಲ್ಲ. ನಲ್ಲಿ ನೀರಿಗೆ ಅರ್ಧಕ್ಕರ್ಧ ಬೆರೆಸಿ, ಎಲೆಗೆ ತಾಗದ ಹಾಗೆ ಬುಡಕ್ಕೆ ಹಾಕಿ. ಎಸಿ ಸರ್ವಿಸ್ ಮಾಡಿಸಿದ ದಿನದ ನೀರು ಚೆಲ್ಲಿಬಿಡಿ. ಬಿಳಿ ಪುಡಿ ಕಂಡ ಕುಂಡಕ್ಕೆ ತಿಂಗಳಿಗೊಮ್ಮೆ ಕುಂಡದ ಗಾತ್ರದ ಎರಡರಷ್ಟು ನೀರನ್ನು ನಿಧಾನವಾಗಿ ಹಾಯಿಸಿ ಹೊರಗೆ ಬಿಟ್ರೆ ಉಪ್ಪು ತೊಳೆದು ಹೋಗುತ್ತೆ. ತಟ್ಟೆಯಲ್ಲಿ ನಿಂತ ನೀರು ಚೆಲ್ಲೋದು ಮರೀಬೇಡಿ, ಗಿಡಕ್ಕೂ ಒಳ್ಳೇದಲ್ಲ, ಸೊಳ್ಳೆಗೂ ದಾರಿ.

ಈಗ ಕೊತ್ತಂಬರಿ. ಇದರಲ್ಲಿ ನಿಮ್ಮ ನೀರಿನ ತಪ್ಪೇನೂ ಇಲ್ಲ. ಕೊತ್ತಂಬರಿ ಚಳಿಗಾಲದ ಬೆಳೆ. ಹಗಲು ಉದ್ದವಾಗಿ ಸೆಕೆ ಏರಿದ ಕೂಡಲೇ ಎಲೆ ಬಿಡೋದು ನಿಲ್ಲಿಸಿ, ಸಬ್ಬಸಿಗೆ ಥರ ಸಣ್ಣ ಎಲೆ ಮಾಡಿ ಹೂವಿಗೆ ಹೋಗುತ್ತೆ. ಹೂ ಚಿವುಟಿದರೂ ಹಳೇ ಎಲೆ ವಾಪಸ್ ಬರಲ್ಲ. ಬೇಸಿಗೆಯಲ್ಲಿ ಬೇಕೇ ಬೇಕು ಅಂದ್ರೆ ಬೆಳಗಿನ ಬಿಸಿಲು ಮಾತ್ರ ಬೀಳೋ ಕಡೆ ಅಗಲದ ಟ್ರೇ ಇಡಿ, ಅಡುಗೆಮನೆ ಕೊತ್ತಂಬರಿ ಕಾಳನ್ನೇ ಚಪಾತಿ ಲಟ್ಟಣಿಗೆಯಲ್ಲಿ ಮೆಲ್ಲಗೆ ಒತ್ತಿ ಎರಡು ಹೋಳು ಮಾಡಿ ಒತ್ತಾಗಿ ಬಿತ್ತಿ, ತಿಂಗಳಿಗೆ ಬೇರು ಸಮೇತ ಕಿತ್ತು ಬಳಸಿ. ಎರಡು ವಾರಕ್ಕೊಮ್ಮೆ ಹೊಸ ಟ್ರೇ ಬಿತ್ತುತ್ತಾ ಇರಬೇಕು. ಅಷ್ಟು ಪುರುಸೊತ್ತಿಲ್ಲ ಅಂದ್ರೆ ಜೂನ್‌ವರೆಗೆ ಅಂಗಡಿಯದೇ ಸಾಕು, ನಾನೂ ಅಲ್ಲಿಂದಲೇ ತರೋದು.

ಬೇಸಿಗೆಗೆ ನನ್ನ ಆಯ್ಕೆ ದೊಡ್ಡಪತ್ರೆ. ದಪ್ಪ ಎಲೆಯಲ್ಲೇ ನೀರು ಕೂಡಿಟ್ಟುಕೊಳ್ಳುತ್ತೆ, ಮೂರ್ನಾಲ್ಕು ದಿನ ಮರೆತರೂ ಬೇಜಾರಿಲ್ಲ, ಹೆಚ್ಚು ನೀರಿಗೆ ಮಾತ್ರ ಕಾಂಡ ಕೊಳೆಯುತ್ತೆ. ಮಧ್ಯಾಹ್ನದ ತಂಬುಳಿಗೆ ಎಂಟ್ಹತ್ತು ಎಲೆ ಸಾಕು.

ಊರಿಗೆ ಹೋಗೋರಿಗೆ ಒಂದು ಮಾತು. ಮೇ ತಿಂಗಳಲ್ಲಿ ಮದುವೆ, ಗೃಹಪ್ರವೇಶ ಅಂತ ಒಂದು ವಾರ ಬಾಗಿಲು ಹಾಕ್ತೀವಿ. ಹೊರಡೋ ಹಿಂದಿನ ದಿನ ಎಲ್ಲ ಕುಂಡಗಳನ್ನು ನೆರಳಿಗೆ ತಂದು ಒತ್ತೊತ್ತಾಗಿ ಇಡಿ, ಮಣ್ಣಿನ ಮೇಲೆ ಒಣ ಎಲೆನೋ ತೆಂಗಿನ ನಾರೋ ಎರಡು ಬೆರಳು ದಪ್ಪ ಹರಡಿ. ಪುದೀನಕ್ಕೆ ಹಳೇ ಕಾಟನ್ ಪಂಚೆಯ ಪಟ್ಟಿ ಹರಿದು ಹೊಸೆದು, ಒಂದು ತುದಿ ಮುಚ್ಚಿದ ಬಕೆಟ್ ನೀರಲ್ಲಿ, ಇನ್ನೊಂದು ತುದಿ ಬೇರಿನ ಹತ್ತಿರ ಹೂತುಬಿಡಿ. ಬತ್ತಿ ಎಣ್ಣೆ ಎಳೆದ ಹಾಗೆ ನೀರು ಎಳೆಯುತ್ತೆ. ಬಕೆಟ್ ಕುಂಡಕ್ಕಿಂತ ಸ್ವಲ್ಪ ಎತ್ತರದಲ್ಲಿರಲಿ. ಹೊರಡೋಕೆ ಎರಡು ದಿನ ಮೊದಲೇ ಕಟ್ಟಿ ಪರೀಕ್ಷೆ ಮಾಡಿ ನೋಡಿ. ಕರಿಬೇವಿಗೆ ಬತ್ತಿ ಬೇಡ. ಎದುರು ಮನೆಯವರಿಗೆ ಕೀ ಕೊಡೋದಾದ್ರೆ ದಿನಾ ನೀರು ಹಾಕಿ ಅನ್ನಬೇಡಿ, ಮೂರನೇ ದಿನ ಒಂದು ಸಲ ಬೆರಳಿಟ್ಟು ನೋಡಿ, ಒಣಗಿದ್ರೆ ಮಾತ್ರ ಹಾಕಿ ಅಂತ ಹೇಳಿ ಹೋಗಿ.