ಸುಗಂಧರಾಜ ಹೂ ಬಿಡಬೇಕಾದರೆ

ಸುಗಂಧರಾಜ ಮೆಕ್ಸಿಕೋ ಮೂಲದ ಗೆಡ್ಡೆ ಗಿಡ. ಯೂರೋಪಿನ ತಂಪು ನೆರಳಿನಲ್ಲಿ ಬೆಳೆಯುವ ಲಿಲಿ ಆಫ್ ದಿ ವ್ಯಾಲಿಯೂ ಇದೂ ಶತಾವರಿ ಕುಟುಂಬಕ್ಕೇ ಸೇರಿವೆ. ಆದರೆ ಆ ಲಿಲಿಗೆ ಚಳಿಗಾಲದ ಕೊರೆಯುವ ಚಳಿ ಬೇಕು, ನಂಜನಗೂಡು, ತಿ. ನರಸೀಪುರದ ಬಿಸಿಲಿಗೆ ಒಗ್ಗುವುದು ಸುಗಂಧರಾಜವೇ.

ಹೂವಿನ ಹಣೆಬರಹ ಗೆಡ್ಡೆಯಲ್ಲೇ ಇರುತ್ತದೆ. ಎರಡು ಸೆಂ.ಮೀ.ಗಿಂತ ದಪ್ಪನೆಯ, ಕಿತ್ತು ಕೆಲವು ವಾರ ನೆರಳಿನಲ್ಲಿ ಆರಿಸಿದ ಗೆಡ್ಡೆ ಸುಮಾರು ಮೂರು ತಿಂಗಳಲ್ಲಿ ತೆನೆ ಹೊರಡಿಸುತ್ತದೆ. ಸಣ್ಣ ಮರಿಗೆಡ್ಡೆ ಮೊದಲು ಬರೀ ಎಲೆ ಬೆಳೆಸುತ್ತದೆ. ಒಂದು ಗೆಡ್ಡೆ ಹೂ ಬಿಡುವುದು ಒಮ್ಮೆ ಮಾತ್ರ. ಮುಂದಿನ ತೆನೆ ಅದರ ಸುತ್ತ ಹುಟ್ಟಿದ ಮರಿಗಳದ್ದು. ಹಾಗಾಗಿ ಎರಡು ಮೂರು ವರ್ಷ ಕಳೆದು ಬುಡ ಕಿಕ್ಕಿರಿದಾಗ ಹೂ ಸಣ್ಣದಾಗುತ್ತದೆ. ಆಗ ಗೊಬ್ಬರ ಸುರಿಯುವುದಕ್ಕಿಂತ ಕಿತ್ತು, ಬಿಡಿಸಿ, ಹೊಸದಾಗಿ ನೆಡುವುದೇ ಲೇಸು.

ಕಬಿನಿ ನಾಲೆಯ ಭತ್ತದ ಬಯಲಿನಲ್ಲಿ ನೀರು ನಿಂತು ಗೆಡ್ಡೆ ಕೊಳೆಯುತ್ತದೆ. ನೀರು ಬಸಿಯುವ ಕೆಂಪು ಮಣ್ಣಿನ ಏರುಮಡಿ, ದಿನವಿಡೀ ಬಿಸಿಲು, ಕೊಟ್ಟಿಗೆ ಗೊಬ್ಬರ ಇರಬೇಕು. ಯೂರಿಯಾ ಹೆಚ್ಚಾದರೆ ಎಲೆ ಸೊಕ್ಕಿ ತೆನೆ ತಡವಾಗುತ್ತದೆ.

ಹೆಸರಘಟ್ಟದ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆಯ ‘ಶೃಂಗಾರ್’, ‘ಪ್ರಜ್ವಲ್’ ಒಂಟಿ ಸುತ್ತಿನ ತಳಿಗಳು. ‘ಸುವಾಸಿನಿ’, ‘ವೈಭವ್’ ಹೆಚ್ಚು ಸುತ್ತಿನವು. ಹಾರಕ್ಕೂ ಸುಗಂಧ ತೈಲಕ್ಕೂ ಒಂಟಿ ಸುತ್ತಿನದೇ ಸರಿ, ಹೂದಾನಿಗೆ ಇನ್ನೊಂದು. ಬಿಡಿ ಹೂವನ್ನು ಬಿಸಿಲೇರುವ ಮುನ್ನವೇ ಕೀಳಬೇಕು.