ಜೋಡಿ ಚಿಕ್ಕಿಗಳ ತೂಕ

ಏಪ್ರಿಲ್ ಕೊನೆಯ ಭಾನುವಾರ. ಹಾವೇರಿಯ ಕಲ್ಯಾಣಮಂಟಪದ ಹಿತ್ತಲಲ್ಲಿ ಹೋಳಿಗೆಯ ಹಂಚು ಇನ್ನೂ ಆರಿಲ್ಲ. ಅಕ್ಕಿಕಾಳು ಬಿದ್ದು ಅರ್ಧ ತಾಸಾಯಿತು. ಮದುಮಕ್ಕಳ ಕೊರಳಲ್ಲಿ ಈ ಊರಿನದೇ ಏಲಕ್ಕಿ ಹಾರ, ಸೆಕೆಗೆ ಇನ್ನಷ್ಟು ಘಮ್ಮೆನ್ನುತ್ತಿದೆ. ಅಂಗಳಕ್ಕೆ ಬಂದ ಶಾಸ್ತ್ರಿಗಳು ಬಡಗಣ ಬಾನಿಗೆ ಬೆರಳು ಮಾಡಿ, "ಅಲ್ಲಿ ನೋಡವಾ, ವಸಿಷ್ಠರ ಬಾಜೂಕ ಅರುಂಧತಿ" ಎನ್ನುತ್ತಾರೆ. ಹನ್ನೆರಡರ ಬಿಸಿಲಿಗೆ ಅಂಗೈ ಅಡ್ಡ ಹಿಡಿದ ಮದುಮಗಳು "ಹೂನ್ರಿ, ಕಂಡ್ಲು" ಅಂದದ್ದೇ ತಡ, ಹಿಂದೆ ನಿಂತ ಸೋದರತ್ತೆ ನಗು ತಡೆಯಲಾರದೆ ಸೆರಗನ್ನು ಬಾಯಿಗೆ ಒತ್ತಿಕೊಳ್ಳುತ್ತಾಳೆ. ಬಿಸಿಲು ಇರದಿದ್ದರೂ ಕಾಣುತ್ತಿರಲಿಲ್ಲ. ಆ ಹೊತ್ತಿಗೆ ಅರುಂಧತಿ ದಿಗಂತದ ಕೆಳಗಿರುತ್ತಾಳೆ. ಆಕೆಯನ್ನು ನಿಜಕ್ಕೂ ನೋಡಬೇಕೆಂದರೆ ರಾತ್ರಿಯವರೆಗೆ ಕಾಯಬೇಕು. ಬನ್ನಿ, ಅಷ್ಟರೊಳಗೆ ಬ್ಯಾಡಗಿಗೆ ಹೋಗಿ ಬರೋಣ.

ಮೋಟೆಬೆನ್ನೂರಿನಲ್ಲಿ ಹೆದ್ದಾರಿ ಬಿಟ್ಟು ತಿರುಗಿದರೆ, ಊರು ಕಣ್ಣಿಗೆ ಬೀಳುವ ಮೊದಲೇ ಘಾಟು ಮೂಗಿಗೆ ಬಡಿಯುತ್ತದೆ. ಹೊಸಬರು ಸೀನುತ್ತಾರೆ, ಊರವರು ನಗುತ್ತಾರೆ. ಸೋಮವಾರ ಮತ್ತು ಗುರುವಾರ ಇಲ್ಲಿ ಮೆಣಸಿನಕಾಯಿಯ ಪೇಟೆ. ಹಿಂದಿನ ಸಂಜೆಯಿಂದಲೇ ಬಳ್ಳಾರಿ, ರಾಯಚೂರು ಕಡೆಯ ಲಾರಿಗಳು ಎಪಿಎಂಸಿ ಅಂಗಳದಲ್ಲಿ ಸಾಲುಗಟ್ಟುತ್ತವೆ. ತಲೆಗೆ ಟವೆಲ್ ಸುತ್ತಿದ ಹಮಾಲರು ಬೆನ್ನು ಬಗ್ಗಿಸಿ ಚೀಲ ಇಳಿಸುವಾಗ ಕೆಂಪು ಧೂಳು ದೀಪದ ಬೆಳಕಿನಲ್ಲಿ ತೇಲುತ್ತದೆ. ಗೋಡೆಯ ನೆರಳಲ್ಲಿ ಹೆಂಗಸರು ಮಾತಿಗೆ ಮಾತು ಜೋಡಿಸುತ್ತ ತೊಟ್ಟು ಬಿಡಿಸುತ್ತಾರೆ. 2011ರಲ್ಲಿ ಭೌಗೋಳಿಕ ಗುರುತು ಪಡೆದ ಸುಕ್ಕುಸುಕ್ಕಾದ ಈ ಕಾಯಿಗೆ ಖಾರ ಕಡಿಮೆ, ಬಣ್ಣ ಹೆಚ್ಚು. ಆಳೆತ್ತರದ ಚೀಲ ನೋಡಿ ತೂಕ ಅಂದಾಜು ಮಾಡಿದರೆ ಕೆಟ್ಟಿರಿ. ಒಣಗಾಯಿ ಜಾಗ ತಿನ್ನುತ್ತದೆ, ತೂಗುವುದಿಲ್ಲ. ಕಾಟಾದ ಮೇಲೆ ಇಟ್ಟಾಗಲೇ ಸತ್ಯ ತಿಳಿಯುವುದು.

ಆ ಅಂಗಳದ ಪಡುವಣಕ್ಕೆ, ಕತ್ತಲಾಗುತ್ತಲೇ ಲುಬ್ಧಕ ಫಳಫಳ ಹೊಳೆಯುತ್ತದೆ. ಇರುಳ ಬಾನಿನ ಅತಿ ಪ್ರಕಾಶದ ನಕ್ಷತ್ರ. ಅದರ ನಡಿಗೆ ನೇರವಾಗಿಲ್ಲ, ಕಾಣದ ಯಾರೋ ಎಳೆದಂತೆ ಅತ್ತಿತ್ತ ತೊನೆಯುತ್ತಿದೆ ಎಂದು 1844ರಲ್ಲಿ ಜರ್ಮನಿಯ ಬೆಸೆಲ್ ಹೇಳಿದ. 1862ರಲ್ಲಿ ಅಮೆರಿಕದ ಆಲ್ವನ್ ಕ್ಲಾರ್ಕ್ ಹೊಸ ಮಸೂರವೊಂದನ್ನು ಪರೀಕ್ಷಿಸುವಾಗ ಆ 'ಯಾರೋ' ಸಣ್ಣ ಚುಕ್ಕಿಯಾಗಿ ಕಂಡೇಬಿಟ್ಟಿತು. ಎರಡೂ ಒಂದನ್ನೊಂದು ಸುಮಾರು 50 ವರ್ಷಕ್ಕೊಮ್ಮೆ ಸುತ್ತುತ್ತವೆ. ಸುತ್ತುವ ಅವಧಿ, ನಡುವಿನ ಅಂತರ ಇವೆರಡು ಸಿಕ್ಕರೆ ಗುರುತ್ವದ ಲೆಕ್ಕದಿಂದ ತೂಕ ಹೊರಬೀಳುತ್ತದೆ. ಜೊತೆಗಾರ ಭೂಮಿಯಷ್ಟೇ ಗಾತ್ರದವನು, ಆದರೆ ಸೂರ್ಯನಷ್ಟು ಭಾರ! ಒಂಟಿ ನಕ್ಷತ್ರವನ್ನು ಹೀಗೆ ನೇರವಾಗಿ ತೂಗುವುದು ಬಲು ಕಷ್ಟ. ಅದರ ಭಾರವನ್ನು ಬಹುಮಟ್ಟಿಗೆ ಜೋಡಿಗಳಿಂದ ಕಲಿತ ಲೆಕ್ಕದಲ್ಲೇ ಅಂದಾಜಿಸಬೇಕು. ಯಮಳ ನಕ್ಷತ್ರಗಳ ಬೆನ್ನು ಹತ್ತಿ ಖಗೋಳಿಗರು ನಿದ್ದೆಗೆಡುವುದಕ್ಕೆ ಮುಖ್ಯ ಕಾರಣ ಇದೇ.

ರಾತ್ರಿ ಹತ್ತು ದಾಟಿದ ಮೇಲೆ ರಾಣೆಬೆನ್ನೂರಿನ ಹೊರಗೆ, ಕೃಷ್ಣಮೃಗಗಳಿಗೆಂದು 1974ರಲ್ಲಿ ಕಾದಿಟ್ಟ 119 ಚದರ ಕಿಲೋಮೀಟರಿನ ಅಭಯಾರಣ್ಯದ ಅಂಚು. ನೀಲಗಿರಿ ಎಲೆಯ ವಾಸನೆ, ಹರಗಿ ಬಿಟ್ಟ ಎರೆಹೊಲದ ಬಿಸಿ ಉಸಿರು, ದೂರದಲ್ಲಿ ಹುಬ್ಬಳ್ಳಿ ಕಡೆಗೆ ಓಡುವ ರೈಲಿನ ಸದ್ದು. ಬದುವಿನ ಮೇಲೆ ಮಾಸ್ತರರೊಬ್ಬರು ಸಣ್ಣ ದೂರದರ್ಶಕ ನಿಲ್ಲಿಸಿದ್ದಾರೆ. ಬಡಗಣದಲ್ಲಿ, ನೆತ್ತಿಗೂ ದಿಗಂತಕ್ಕೂ ನಡುವೆ ಸಪ್ತರ್ಷಿಗಳು. ಸೌಟಿನಂಥ ಆ ಗುಂಪಿನ ಹಿಡಿಯ ನಡುವಿನ ಚಿಕ್ಕಿ ವಸಿಷ್ಠ, ಅದಕ್ಕೆ ಅಂಟಿಕೊಂಡಂತೆ ಅರುಂಧತಿ. "ಈಗ ಇದರಾಗ ನೋಡ್ರಿ" ಎಂದು ಮಾಸ್ತರರು ಸರಿದು ನಿಲ್ಲುತ್ತಾರೆ. ನೋಡಿದರೆ ವಸಿಷ್ಠನೇ ಎರಡಾಗಿ ಒಡೆದಿದ್ದಾನೆ! ಇಟಲಿಯ ಕಾಸ್ಟೆಲ್ಲಿ 1617ರಲ್ಲೇ ಇದನ್ನು ಗೆಲಿಲಿಯೊನ ಗಮನಕ್ಕೆ ತಂದಿದ್ದ.

ಒಡೆಯುವುದು ಅಲ್ಲಿಗೂ ನಿಲ್ಲಲಿಲ್ಲ. ಬೆಳಕನ್ನು ಬಣ್ಣಬಣ್ಣದ ರೋಹಿತವಾಗಿ ಹರಡಿದಾಗ ಅದರಲ್ಲಿ ಕಪ್ಪು ಗೆರೆಗಳು ಮೂಡುತ್ತವೆ. ನಮ್ಮತ್ತ ಬರುವ ನಕ್ಷತ್ರದ ಗೆರೆ ನೀಲಿಯತ್ತ, ದೂರ ಹೋಗುವುದರ ಗೆರೆ ಕೆಂಪಿನತ್ತ ಜರುಗುತ್ತದೆ. ಆ ಎರಡರಲ್ಲಿ ಪ್ರಕಾಶ ಹೆಚ್ಚಿದ್ದ ವಸಿಷ್ಠನ ಗೆರೆಗಳು ಒಮ್ಮೆ ಜೋಡಿಯಾಗಿ, ಮತ್ತೊಮ್ಮೆ ಒಂದಾಗಿ ಕಾಣುವುದನ್ನು ಹಾರ್ವರ್ಡ್ ವೀಕ್ಷಣಾಲಯದ ಪಿಕರಿಂಗ್ 1889ರಲ್ಲಿ ಪ್ರಕಟಿಸಿದ. ಆ ಗೆರೆಗಳ ಛಾಯಾಫಲಕಗಳ ಮುಂದೆ ಕಣ್ಣು ಸವೆಸಿದವರಲ್ಲಿ ಆಂಟೋನಿಯಾ ಮೌರಿ ಎಂಬಾಕೆಯೂ ಇದ್ದಳು. ಯಾವ ದೂರದರ್ಶಕದಲ್ಲೂ ಬೇರ್ಪಡದೆ ರೋಹಿತದಲ್ಲಷ್ಟೇ ಸಿಕ್ಕಿಬಿದ್ದ ಮೊದಲ ಜೋಡಿ ಅದು, ಸುಮಾರು 20 ದಿನಕ್ಕೊಂದು ಸುತ್ತು. ಇನ್ನೊಬ್ಬ ವಸಿಷ್ಠನೂ ಜೋಡಿಯೇ. ಅರುಂಧತಿಗೂ ಮಂಕಾದ ಸಂಗಾತಿಯಿರುವುದು 2009ರಲ್ಲಿ ಗೊತ್ತಾಯಿತು. ಕಣ್ಣಿಗೆ ಎರಡು, ಲೆಕ್ಕಕ್ಕೆ ಆರು.

ನಡುರಾತ್ರಿ ಕಳೆದ ಮೇಲೆ ದೂರದರ್ಶಕ ತೆಂಕಣಕ್ಕೆ ತಿರುಗುತ್ತದೆ. ಜಾಲಿಗಿಡದ ನೆತ್ತಿಯ ಮೇಲೆ ಆಲ್ಫಾ ಸೆಂಟಾರಿ, 80 ವರ್ಷಕ್ಕೊಮ್ಮೆ ಸುತ್ತುವ ಜೋಡಿ. ಇದು ಎರಡೆಂದು ಮೊದಲು ಕಂಡದ್ದು ನಮ್ಮ ನೆಲದಿಂದಲೇ: 1689ರಲ್ಲಿ ಪುದುಚೇರಿಯಲ್ಲಿ ಧೂಮಕೇತು ನೋಡುತ್ತಿದ್ದ ಪಾದ್ರಿ ರಿಶೋ ಇದನ್ನು ಗುರುತಿಸಿದರು. ಜೋಡಿಗಳನ್ನು ಹುಡುಕುವ ಆ ಕೆಲಸ ಈಗ ಬೆಂಗಳೂರಿನ ಭಾರತೀಯ ಖಗೋಳ ಭೌತವಿಜ್ಞಾನ ಸಂಸ್ಥೆಯಂಥ ಕಡೆ ಮುಂದುವರಿದಿದೆ. ಲಡಾಖಿನ ಹಾನ್ಲೆಯಲ್ಲಿರುವ ಎರಡು ಮೀಟರಿನ ದೂರದರ್ಶಕವನ್ನು ಹೊಸಕೋಟೆಯಲ್ಲಿ ಕೂತೇ ನಡೆಸುತ್ತಾರೆ. 2015ರಲ್ಲಿ ಹಾರಿದ ಆಸ್ಟ್ರೋಸ್ಯಾಟ್ ಉಪಗ್ರಹದ ಅತಿನೇರಳೆ ಕಣ್ಣಿನಿಂದ ಅಲ್ಲಿನ ತಂಡ ಮುದಿ ನಕ್ಷತ್ರಗುಚ್ಛವೊಂದರಲ್ಲಿ ವಯಸ್ಸಿಗೆ ಮೀರಿ ನೀಲಿಯಾಗಿ ಹೊಳೆಯುವ ನಕ್ಷತ್ರವನ್ನು ನೋಡಿತು. ಬಗಲಲ್ಲೇ ಬಿಸಿಯಾದ ಜೊತೆಗಾರ ಸಿಕ್ಕ. ಅವನ ದ್ರವ್ಯ ಹೀರಿಯೇ ಇವನಿಗೆ ಈ ಯೌವನ.

ಮಾಸ್ತರರು ಮಸೂರಕ್ಕೆ ಬಟ್ಟೆ ಮುಚ್ಚುತ್ತ ಚಳಿಗಾಲದ ಮಾತು ತೆಗೆಯುತ್ತಾರೆ. ಡಿಸೆಂಬರಿನ ಸಂಜೆ ಬಡಗಣದಲ್ಲಿ ಏರಿರುವ ಆಲ್ಗಾಲ್ ಎಂಬ ಜೋಡಿಗೆ ದೂರದರ್ಶಕವೇ ಬೇಡ. 2 ದಿನ 20 ತಾಸು 49 ನಿಮಿಷಕ್ಕೊಮ್ಮೆ ಮಂಕು ಜೊತೆಗಾರ ಅಡ್ಡ ಬಂದು, ಅದರ ಹೊಳಪು ಮೂರರಲ್ಲಿ ಒಂದು ಪಾಲಿಗೆ ಇಳಿಯುತ್ತದೆ. 1782ರಲ್ಲಿ ಇಂಗ್ಲೆಂಡಿನ ಯಾರ್ಕ್‌ನಲ್ಲಿ, ಕಿವಿ ಕೇಳದ ಹದಿನೆಂಟರ ಹುಡುಗ ಗುಡ್‌ರಿಕ್ ಈ ಲಯವನ್ನು ಹಿಡಿಯತೊಡಗಿದ. ಎಂಟನೆಯ ಇಯತ್ತೆಯ ಮಕ್ಕಳಿಗೆ ಈ ಸಲ ಅದನ್ನೇ ಅಭ್ಯಾಸಕ್ಕೆ ಕೊಡುತ್ತಾರಂತೆ: ಒಂದು ವಹಿ, ಒಂದು ಗಡಿಯಾರ, ಸುತ್ತಲಿನ ಚಿಕ್ಕಿಗಳೊಂದಿಗೆ ಹೋಲಿಸಿ ನೋಡುವ ಕಣ್ಣು. "ಒಬ್ಬೊಬ್ರ ಬರಿಯೂದು ಬ್ಯಾಡ್ರಿ, ಇಬ್ಬಿಬ್ರು ಕೂಡಿ ಬರೀಬೇಕು. ಗುಡ್‌ರಿಕ್ ಸೈತ ಪಿಗಟ್ ಅನ್ನೋ ಗೆಳೆಯಾನ ಜೋಡಿನ ನೋಡಿದ್ದು. ಇಬ್ಬರ ಲೆಕ್ಕ ತಾಳಿ ಬಿತ್ತಂದ್ರ ಅದು ಖರೇ."